ಹಿಂದಿನ ಚಕ್ರದ ಬ್ರೇಕ್ ಪ್ಯಾಡ್: ಮನೆಯಲ್ಲೇ ಬದಲಾಯಿಸುವ ಕ್ರಮ

ಮಳೆಗಾಲಕ್ಕೆ ಮೊದಲು ಔಷಧಿ ಹೊಡೆಯುವ ಪಂಪಿನ ವಾಷರ್ ಸವೆದಿದೆಯೇ ಎಂದು ಬಿಚ್ಚಿ ನೋಡುವವರು ನಾವು. ಕೊಯ್ಲಿಗೆ ಮೊದಲು ಪಲ್ಪರಿನ ಬೇರಿಂಗಿಗೆ ಗ್ರೀಸ್ ತುಂಬುವವರೂ ನಾವೇ. ಆದರೆ ಹೆಂಡತಿ ಮಕ್ಕಳನ್ನು ಕೂರಿಸಿಕೊಂಡು ಘಾಟಿ ಇಳಿಯುವ ಕಾರಿನ ಬ್ರೇಕನ್ನು, ಅದು ಕಿರುಚಿಕೊಳ್ಳುವವರೆಗೆ ತಿರುಗಿ ನೋಡುವುದಿಲ್ಲ. ಬೆಳೆಗಾರ ಬಂಧುಗಳಲ್ಲಿ ಹೆಚ್ಚಿನವರು ಸ್ಪ್ಯಾನರ್ ಹಿಡಿಯಲು ಬಲ್ಲವರಾದ್ದರಿಂದ, ಈ ಕೆಲಸವನ್ನು ಮನೆಯಂಗಳದಲ್ಲಿ ಮಾಡಿಕೊಳ್ಳುವ ಕ್ರಮವನ್ನೂ, ನಾನು ಮಾಡಿಕೊಂಡ ಒಂದು ಎಡವಟ್ಟನ್ನೂ ಇಲ್ಲಿ ತಿಳಿಸಿದ್ದೇನೆ.

ಮೊದಲು ಒಂದು ಸಣ್ಣ ಲೆಕ್ಕ. ಜನ ಮತ್ತು ಸಾಮಾನು ಸೇರಿ 1200 ಕಿಲೋ ತೂಗುವ ಕಾರು ಸುಮಾರು 500 ಮೀಟರ್ ಎತ್ತರದ ಘಾಟಿಯನ್ನು ಇಳಿಯುತ್ತದೆ ಎಂದಿಟ್ಟುಕೊಳ್ಳಿ. ಈ ಇಳಿತದ ಶಕ್ತಿಯನ್ನೆಲ್ಲ ಬ್ರೇಕೇ ಹೀರಬೇಕಾದರೆ, ಹುಟ್ಟುವ ಶಾಖ ಹದಿನೆಂಟು ಲೀಟರ್ ತಣ್ಣೀರನ್ನು ಕುದಿಯುವ ಮಟ್ಟಕ್ಕೆ ತರಲು ಸಾಕು. ಸ್ನಾನದ ಒಂದು ಬಕೆಟ್ ನೀರನ್ನು ನಾಲ್ಕು ಚಕ್ರಗಳ ಸಂದಿಯಲ್ಲಿ ಕಾಯಿಸಿದಂತಾಯಿತು. ಎರಡನೇ ಗೇರಿನಲ್ಲಿ ಇಳಿದರೆ ಇದರಲ್ಲಿ ದೊಡ್ಡ ಪಾಲನ್ನು ಎಂಜಿನ್ ಹೊರುತ್ತದೆ. ಪೆಟ್ರೋಲ್ ಉಳಿಯಲಿ ಎಂದು ನ್ಯೂಟ್ರಲ್‌ನಲ್ಲಿ ಇಳಿಯುವವರ ಪಾಲಿಗೆ ಅಷ್ಟೂ ಶಾಖ ಪ್ಯಾಡಿನ ಮೇಲೆಯೇ ಬೀಳುತ್ತದೆ. ಚಾರ್ಮಾಡಿಯಲ್ಲಾಗಲಿ ಆಗುಂಬೆಯಲ್ಲಾಗಲಿ ತಿರುವಿನಲ್ಲಿ ಸುಟ್ಟ ವಾಸನೆ ಬಂದರೆ ಅದು ಯಾವುದೆಂದು ಬೇರೆ ಹೇಳಬೇಕಿಲ್ಲ.

ಮಹೀಂದ್ರ ಜೀಪು, ಮಾರುತಿ 800, ಆಮ್ನಿ ಇಂತಹ ಹಳೆಯ ವಾಹನಗಳ ಹಿಂದಿನ ಚಕ್ರಗಳಿಗೆ ಇರುವುದು ಡ್ರಮ್ ಬ್ರೇಕು. ಈಗಿನ ಸಣ್ಣ ಕಾರುಗಳಲ್ಲಿಯೂ ಬಹಳಷ್ಟಕ್ಕೆ ಹಿಂದೆ ಡ್ರಮ್ಮೇ. ಅದರೊಳಗೆ ಇರುವುದು ಪ್ಯಾಡ್ ಅಲ್ಲ, ಲೈನಿಂಗ್ ಅಂಟಿಸಿದ ಶೂ. ಆ ಕೆಲಸವೇ ಬೇರೆ. ನಾಲ್ಕೂ ಚಕ್ರಗಳಿಗೆ ಡಿಸ್ಕ್ ಬ್ರೇಕ್ ಇರುವ ಕಾರುಗಳೂ ನಮ್ಮ ತೋಟದ ಮನೆಗಳಿಗೆ ಬಂದಿರುವುದರಿಂದ ಇಲ್ಲಿ ಹೇಳುವುದು ಅವುಗಳ ವಿಷಯ. ಚಕ್ರದ ಕಡ್ಡಿಗಳ ಸಂದಿಯಿಂದ ನೋಡಿದಾಗ ಹೊಳೆಯುವ ಉಕ್ಕಿನ ತಟ್ಟೆ ಕಂಡರೆ ಅದು ಡಿಸ್ಕ್. ಅದನ್ನು ಇಕ್ಕಳದಂತೆ ಹಿಡಿದು ಕೂತಿರುವುದು ಕ್ಯಾಲಿಪರ್. ಅದರೊಳಗೆ ಡಿಸ್ಕಿನ ಎರಡೂ ಬದಿಗೆ ಒಂದೊಂದರಂತೆ ಪ್ಯಾಡುಗಳಿರುತ್ತವೆ.

ಬ್ರೇಕ್ ಒತ್ತಿದಾಗ ಕಾರಿನ ಭಾರ ಮುಂದಕ್ಕೆ ವಾಲುವುದರಿಂದ ಮುಂದಿನ ಪ್ಯಾಡುಗಳು ಬೇಗ ಸವೆಯುವುದು ವಾಡಿಕೆ. ಆದರೂ ನಮ್ಮ ಕಡೆ ಹಿಂದಿನವು ಮೊದಲು ಮುಗಿಯುವುದುಂಟು. ತೋಟದ ರಸ್ತೆಯ ಕೆಂಪು ಕೆಸರು ಹಿಂದಿನ ಕ್ಯಾಲಿಪರಿಗೆ ಸಿಡಿದು ಒಣಗುತ್ತದೆ, ಕ್ಯಾಲಿಪರ್ ಜಾರುವ ಪಿನ್ನುಗಳು ತುಕ್ಕು ಹಿಡಿಯುತ್ತವೆ, ಮಳೆಗಾಲವಿಡೀ ಎಳೆದಿಟ್ಟ ಹ್ಯಾಂಡ್ ಬ್ರೇಕಿನ ಕೇಬಲ್ ಪೂರಾ ಬಿಡುವುದಿಲ್ಲ. ಆಗ ಕಾಲು ಇಡದಿದ್ದರೂ ಪ್ಯಾಡು ಡಿಸ್ಕಿಗೆ ಉಜ್ಜುತ್ತಲೇ ಇರುತ್ತದೆ. ಹತ್ತು ಮೈಲಿ ಓಡಿಸಿ ನಿಲ್ಲಿಸಿದ ಮೇಲೆ ಚಕ್ರದ ಹತ್ತಿರ ಅಂಗೈ ಹಿಡಿದು ನೋಡಿ, ಮುಟ್ಟಬೇಡಿ. ಒಂದು ಹಿಂದಿನ ಚಕ್ರ ಇನ್ನೊಂದಕ್ಕಿಂತ ಬಹಳ ಬಿಸಿ ಇದ್ದರೆ ಅಲ್ಲಿ ಏನೋ ಹಿಡಿದುಕೊಂಡಿದೆ.

ಲೋಹದ ಬೆನ್ನುಪಟ್ಟಿಯನ್ನು ಬಿಟ್ಟು ಪ್ಯಾಡಿನ ಉಜ್ಜುವ ಭಾಗ 3 ಮಿಲಿಮೀಟರಿಗೆ ಇಳಿದರೆ ಬದಲಾಯಿಸುವುದು ಒಳ್ಳೆಯದು. ಎರಡು ಮಿಲಿಮೀಟರಿನ ನಂತರವೂ ಓಡಿಸುವುದು ಘಾಟಿಯ ಜನಕ್ಕೆ ಸಲ್ಲ. ಹಲವು ಪ್ಯಾಡುಗಳಿಗೆ ಒಂದು ಸಣ್ಣ ತಗಡಿನ ನಾಲಿಗೆ ಇದ್ದು, ಸವೆತ ಮಿತಿಗೆ ಬಂದಾಗ ಅದು ಡಿಸ್ಕಿಗೆ ತಾಗಿ ಕೀರಲು ಸದ್ದು ಮಾಡುತ್ತದೆ. ಕೀರಲು ನಿಂತು ಗರಗರ ಸದ್ದು ಬಂದರೆ ರೋಗ ವಾಸಿಯಾಯಿತೆಂದು ಸಮಾಧಾನ ಪಡಬಾರದು. ಕಬ್ಬಿಣ ಕಬ್ಬಿಣವನ್ನು ತಿನ್ನುತ್ತಿದೆ ಎಂದು ಅದರ ಅರ್ಥ.

ಒತ್ತುವುದೋ, ತಿರುಗಿಸುವುದೋ

ಹೊಸ ಪ್ಯಾಡು ದಪ್ಪವಿರುವುದರಿಂದ, ಸವೆತದ ಜೊತೆಗೆ ಹೊರಬಂದಿರುವ ಪಿಸ್ಟನ್ನನ್ನು ಹಿಂದಕ್ಕೆ ಸೇರಿಸಬೇಕು. ಮುಂದಿನ ಚಕ್ರಗಳಲ್ಲಿ ಇದು ಸುಲಭ. ಹಳೆಯ ಪ್ಯಾಡನ್ನೇ ಅಡ್ಡವಿಟ್ಟು ಬಡಗಿಯ ಹಿಡಿಕ್ಲಾಂಪಿನಿಂದ ನಿಧಾನವಾಗಿ ಒತ್ತಿದರೆ ಒಳಗೆ ಹೋಗುತ್ತದೆ. ಕೆಲವು ವರ್ಷಗಳ ಹಿಂದೆ ಮುಂದಿನ ಪ್ಯಾಡುಗಳನ್ನು ಹೀಗೆ ಬದಲಾಯಿಸಿ ಗೆದ್ದ ಹುಮ್ಮಸ್ಸಿನಲ್ಲಿ ನಾನು ಹಿಂದಿನದಕ್ಕೂ ಕೈ ಹಾಕಿದೆ. ಪಿಸ್ಟನ್ ಮಿಸುಕಲಿಲ್ಲ. ತುಕ್ಕು ಹಿಡಿದಿದೆ ಎಂದುಕೊಂಡು ಕ್ಲಾಂಪಿನ ಹಿಡಿಗೆ ಪೈಪು ಸೇರಿಸಿ ಎಳೆದೆ. ಟಕ್ಕೆಂದು ಸದ್ದಾಗಿ ಪಿಸ್ಟನ್ ಒಳಗೆ ಹೋಯಿತು. ಕೆಲಸ ಕೈಗೂಡಿತೆಂದು ಸಂತೋಷಪಟ್ಟು, ಎರಡೂ ಕಡೆ ಹಾಗೆಯೇ ಮಾಡಿ ಮುಗಿಸಿದೆ.

ಕಾಲಿನ ಬ್ರೇಕ್ ಚೆನ್ನಾಗಿಯೇ ಹಿಡಿಯುತ್ತಿತ್ತು. ಮಾರನೆಯ ದಿನ ಮನೆಯ ಮುಂದಿನ ಏರಿನಲ್ಲಿ ಹ್ಯಾಂಡ್ ಬ್ರೇಕ್ ಎಳೆದು, ಗೇರಿಗೆ ಹಾಕದೆ, ಒಳಗೆ ಹೋದೆ. ಎರಡು ನಿಮಿಷದಲ್ಲಿ ಕಾರು ತಾನಾಗಿ ಹಿಂದಕ್ಕೆ ಹೊರಟಿತು. ಕೆಳಗೆ ಕಣದಲ್ಲಿ ಹೆಂಗಸರು ಕಾಫಿ ರಾಶಿ ಮಾಡುತ್ತಿದ್ದರು. ಯಾರೋ ಕೂಗಿದರು, ಎಲ್ಲರೂ ಎದ್ದು ಓಡಿದರು. ಕಣದ ಅಂಚಿನ ಸಿಲ್ವರ್ ಓಕ್ ಮರಕ್ಕೆ ಬಡಿದು ಕಾರು ನಿಂತಿತು. ಬಂಪರ್ ಹೋದದ್ದು ಬಿಟ್ಟರೆ ಯಾರಿಗೂ ಏನೂ ಆಗಲಿಲ್ಲ. ಆ ಮರ ಅಲ್ಲಿ ಇರದಿದ್ದರೆ ಏನಾಗುತ್ತಿತ್ತೆಂದು ಯೋಚಿಸಿ ಎಷ್ಟೋ ರಾತ್ರಿ ನಿದ್ದೆ ಬಂದಿಲ್ಲ.

ಪೇಟೆಯ ಮೆಕ್ಯಾನಿಕ್ ಬಂದು ಕ್ಯಾಲಿಪರ್ ಬಿಚ್ಚಿ ನೋಡಿದವರು, "ಇದು ಒತ್ತೋದಲ್ಲ ಸಾರ್, ತಿರುಗಿಸೋದು. ಒಳಗಿನ ಸ್ಕ್ರೂನೇ ಮುರಿದು ಹಾಕಿದ್ದೀರಿ" ಎಂದರು. ಹ್ಯಾಂಡ್ ಬ್ರೇಕನ್ನು ಕ್ಯಾಲಿಪರಿನೊಳಗೇ ಅಳವಡಿಸಿರುವ ಕಾರುಗಳಲ್ಲಿ ಪಿಸ್ಟನ್ನಿನ ಹಿಂದೆ ಒಂದು ತಿರುಪು ಇರುತ್ತದೆ. ಪ್ಯಾಡು ಸವೆದಂತೆ ಅದು ಸ್ವಲ್ಪ ಸ್ವಲ್ಪವೇ ಬಿಚ್ಚಿಕೊಂಡು ಅಂತರವನ್ನು ಸರಿದೂಗಿಸುತ್ತದೆ. ಹ್ಯಾಂಡ್ ಬ್ರೇಕ್ ಎಳೆದಾಗ ಅದೇ ತಿರುಪು ಪಿಸ್ಟನ್ನನ್ನು ತಳ್ಳುತ್ತದೆ. ಅದನ್ನು ಬಲವಂತದಿಂದ ಒತ್ತಿದರೆ ಮುರಿಯುವುದು ಆ ತಿರುಪೇ. ಎರಡೂ ಕ್ಯಾಲಿಪರುಗಳನ್ನು ಹೊಸದಾಗಿ ತರಬೇಕಾಯಿತು.

ಆದ್ದರಿಂದ ಕೆಲಸಕ್ಕೆ ಮೊದಲು ನಿಮ್ಮ ಕಾರಿನದು ಯಾವ ಬಗೆಯೆಂದು ಬಗ್ಗಿ ನೋಡತಕ್ಕದ್ದು. ಹ್ಯಾಂಡ್ ಬ್ರೇಕಿನ ಕೇಬಲ್ ಬಂದು ಕ್ಯಾಲಿಪರಿನ ಮೇಲಿನ ಒಂದು ಸಣ್ಣ ಲಿವರಿಗೆ ಸೇರಿದ್ದರೆ ಅದು ತಿರುಗಿಸುವ ಬಗೆ. ಕೇಬಲ್ ಕ್ಯಾಲಿಪರಿಗೆ ಬಾರದೆ ಡಿಸ್ಕಿನ ಹಿಂಭಾಗಕ್ಕೆ ಹೋಗಿದ್ದರೆ, ಡಿಸ್ಕಿನ ನಡುವಿನ ಟೋಪಿಯೊಳಗೆ ಹ್ಯಾಂಡ್ ಬ್ರೇಕಿಗೆಂದೇ ಸಣ್ಣ ಶೂ ಇದೆಯೆಂದು ತಿಳಿಯಬೇಕು. ಇಲ್ಲಿ ಪಿಸ್ಟನ್ನನ್ನು ಒತ್ತಬಹುದು. ಕ್ಯಾಲಿಪರಿನ ಬೆನ್ನಿಗೆ ವೈರು ಸಹಿತ ಮೋಟಾರ್ ಡಬ್ಬಿ ಇದ್ದು, ಒಳಗೆ ಹ್ಯಾಂಡ್ ಬ್ರೇಕಿಗೆ ಕೇವಲ ಗುಂಡಿ ಇದ್ದರೆ, ಆ ಮೋಟಾರನ್ನು ಮೊದಲು ಸರ್ವಿಸ್ ಸ್ಥಿತಿಗೆ ತರಬೇಕು. ಅದಕ್ಕೆ ಕೆಲವು ಕಾರುಗಳಲ್ಲಿ ಸ್ಕ್ಯಾನರ್ ಯಂತ್ರವೇ ಬೇಕು. ನಡುವೆ ಯಾರಾದರೂ ಗುಂಡಿ ಒತ್ತಿದರೆ ಬೆರಳು ಜಜ್ಜಿಹೋದೀತು. ಅಂಥದ್ದನ್ನು ಗ್ಯಾರೇಜಿಗೆ ಬಿಡುವುದೇ ಲೇಸೆಂದು ನನ್ನ ಅಭಿಪ್ರಾಯ.

ಕೆಲಸದ ಕ್ರಮ

ಸಮತಟ್ಟಾದ ಗಟ್ಟಿ ನೆಲ ಬೇಕು. ಸಿಮೆಂಟಿನ ಕಣ ಅಥವಾ ಅಡಿಕೆ ಒಣಗಿಸುವ ಅಂಗಳ ಖಾಲಿ ಇದ್ದರೆ ಅದಕ್ಕಿಂತ ಉತ್ತಮ ಜಾಗವಿಲ್ಲ. ಇಲ್ಲಿ ಹ್ಯಾಂಡ್ ಬ್ರೇಕನ್ನು ಬಿಟ್ಟೇ ಇರಬೇಕಾದ್ದರಿಂದ, ಮುಂದಿನ ಎರಡೂ ಚಕ್ರಗಳಿಗೆ ಹಿಂದೆ ಮುಂದೆ ಮರದ ತುಂಡುಗಳನ್ನು ಬಿಗಿಯಾಗಿ ಕೊಟ್ಟು, ಮುಂದಿನ ಚಕ್ರ ಎಳೆಯುವ ಕಾರಾದರೆ ಗೇರಿಗೂ ಹಾಕಿಡಬೇಕು. ಚಕ್ರ ನೆಲದ ಮೇಲಿರುವಾಗಲೇ ನಟ್ಟುಗಳನ್ನು ಅರ್ಧ ಸುತ್ತು ಸಡಿಲಿಸಿ, ನಂತರ ಜಾಕ್ ಏರಿಸಬೇಕು. ಜಾಕ್ ಎತ್ತಲಿಕ್ಕೆ ಮಾತ್ರ, ಹೊರಲಿಕ್ಕಲ್ಲ. ಹೊರಲು ಕಬ್ಬಿಣದ ಸ್ಟ್ಯಾಂಡೇ ಬೇಕು. ಜಂಬಿಟ್ಟಿಗೆ, ಸಿಮೆಂಟ್ ಬ್ಲಾಕುಗಳನ್ನು ಒಟ್ಟಿ ಕಾರನ್ನು ನಿಲ್ಲಿಸುವ ಅಭ್ಯಾಸ ನಮ್ಮಲ್ಲಿದೆ. ಅವು ಮುನ್ಸೂಚನೆ ಇಲ್ಲದೆ ಸೀಳಿಹೋಗುತ್ತವೆ. ಬಿಚ್ಚಿದ ಚಕ್ರವನ್ನು ಕಾರಿನ ಅಂಚಿನಡಿ ಮಲಗಿಸಿಟ್ಟರೆ ಇನ್ನೊಂದು ರಕ್ಷೆಯಾಯಿತು.

ಪ್ಯಾಡುಗಳನ್ನು ಎಡಬಲ ಸೇರಿ ನಾಲ್ಕನ್ನೂ ಬದಲಾಯಿಸಬೇಕು, ಆದರೆ ಒಂದು ಬದಿ ಮುಗಿಸಿದ ಮೇಲೆಯೇ ಇನ್ನೊಂದನ್ನು ಬಿಚ್ಚಬೇಕು. ಯಾವ ಕ್ಲಿಪ್ ಎಲ್ಲಿತ್ತೆಂದು ಮರೆತರೆ ಆ ಕಡೆ ನೋಡಿಕೊಳ್ಳಬಹುದು. ಇನ್ನು ಬಾನೆಟ್ ತೆಗೆದು ಬ್ರೇಕ್ ಆಯಿಲ್ ಡಬ್ಬಿಯನ್ನು ನೋಡಿ. ಪ್ಯಾಡು ಸವೆದಿದ್ದಾಗ ಯಾರಾದರೂ ಆಯಿಲ್ ತುಂಬಿಸಿದ್ದರೆ, ಪಿಸ್ಟನ್ ಹಿಂದೆ ಹೋದಾಗ ಅದು ಉಕ್ಕಿ ಚೆಲ್ಲುತ್ತದೆ. ಬಣ್ಣದ ಮೇಲೆ ಬಿದ್ದರೆ ಬಣ್ಣ ಕಿತ್ತುಬರುತ್ತದೆ. ಹೆಚ್ಚಿದ್ದರೆ ಸಿರಿಂಜಿನಿಂದ ಸ್ವಲ್ಪ ತೆಗೆಯಿರಿ.

ಕ್ಯಾಲಿಪರನ್ನು ಹಿಂಬದಿಯಿಂದ ಎರಡು ಬೋಲ್ಟುಗಳು ಹಿಡಿದಿರುತ್ತವೆ. ಬಿಚ್ಚುವಾಗ ಒಳಗಿನ ಪಿನ್ ಜೊತೆಯಲ್ಲೇ ತಿರುಗಿದರೆ ಅದನ್ನು ತೆಳು ಸ್ಪ್ಯಾನರಿನಿಂದ ಹಿಡಿಯಬೇಕು. ಬಿಚ್ಚಿದ ಕ್ಯಾಲಿಪರನ್ನು ರಬ್ಬರ್ ಹೋಸಿನ ಮೇಲೆ ನೇತುಬಿಡಬಾರದು. ಸ್ಪ್ರಿಂಗಿಗೆ ತಂತಿ ಕಟ್ಟಿ ಅದರಲ್ಲಿ ತೂಗುಹಾಕಿ. ಹೋಸಿನ ಒಳಪದರ ಹರಿದರೆ ಹೊರಗೆ ಕಾಣುವುದಿಲ್ಲ.

ಪ್ಯಾಡಿನ ಧೂಳನ್ನು ಬಾಯಿಂದ ಊದುವುದಾಗಲಿ ಗಾಳಿ ಹೊಡೆಯುವುದಾಗಲಿ ಬೇಡ. ಒದ್ದೆ ಬಟ್ಟೆಯಲ್ಲಿ ಒರೆಸಿ ತೆಗೆಯಿರಿ. ಹಿಂದಿನ ಕಾಲದ ಪ್ಯಾಡುಗಳಲ್ಲಿ ಕಲ್ನಾರು ಇರುತ್ತಿತ್ತು, ಅದರ ಧೂಳು ಶ್ವಾಸಕೋಶಕ್ಕೆ ಮಾರಕ. ಈಗಿನದರ ಧೂಳೂ ಒಳ್ಳೆಯದೇನಲ್ಲ. ಪ್ಯಾಡು ಕೂರುವ ಜಾಗದ ತುಕ್ಕನ್ನು ತಂತಿ ಬ್ರಷ್ಷಿನಿಂದ ತಿಕ್ಕಿ ತೆಗೆಯಬೇಕು. ಜಾರುವ ಪಿನ್ನುಗಳನ್ನು ಹೊರತೆಗೆದು ಒರೆಸಿ, ಬ್ರೇಕಿಗೆಂದೇ ಮಾರುವ ಗ್ರೀಸನ್ನು ತೆಳುವಾಗಿ ಸವರಿ. ಬೇರಿಂಗಿನ ಗ್ರೀಸು, ಸೀಮೆಎಣ್ಣೆ, ಡೀಸೆಲ್ ಇವುಗಳಲ್ಲಿ ಯಾವುದನ್ನೂ ಇಲ್ಲಿಗೆ ತರಬೇಡಿ. ಇವು ತಾಗಿದರೆ ಬ್ರೇಕಿನ ರಬ್ಬರ್ ಸೀಲುಗಳು ಉಬ್ಬಿ ಕೆಡುತ್ತವೆ. ಡಿಸ್ಕಿನ ಕನಿಷ್ಠ ದಪ್ಪ ಎಷ್ಟೆಂದು ಸಾಮಾನ್ಯವಾಗಿ ಅದರ ಮೇಲೆಯೇ ಕೆತ್ತಿರುತ್ತದೆ. ಅದಕ್ಕಿಂತ ತೆಳುವಾಗಿದ್ದರೆ ಅಥವಾ ಬಿರುಕು ಕಂಡರೆ ಬರೀ ಪ್ಯಾಡು ಹಾಕಿ ಪ್ರಯೋಜನವಿಲ್ಲ.

ಈಗ ಪಿಸ್ಟನ್. ಅದರ ಮುಖದಲ್ಲಿ ಗುಳಿಗಳು ಅಥವಾ ಅಡ್ಡಗೀರು ಇರುತ್ತದೆ. ಅದಕ್ಕೆ ಸರಿಹೊಂದುವ ತಿರುಗಿಸುವ ಉಪಕರಣ ಬಿಡಿಭಾಗದ ಅಂಗಡಿಗಳಲ್ಲಿ ಸಿಗುತ್ತದೆ. ವರ್ಷಕ್ಕೊಮ್ಮೆಯೂ ಬೇಕಾಗದ ವಸ್ತುವಾದ್ದರಿಂದ ನಾಲ್ಕು ಮನೆಯವರು ಸೇರಿ ಒಂದನ್ನು ತಂದುಕೊಂಡರೆ ಸಾಕು. ಮೆಲ್ಲಗೆ ಒತ್ತುತ್ತಾ ತಿರುಗಿಸಬೇಕು. ಹೆಚ್ಚಿನ ಕಾರುಗಳಲ್ಲಿ ಗಡಿಯಾರದ ಮುಳ್ಳು ತಿರುಗುವ ದಿಕ್ಕಿನಲ್ಲಿ ಒಳಗೆ ಹೋಗುತ್ತದೆ. ಕೆಲವದರಲ್ಲಿ ಒಂದು ಬದಿಯದು ವಿರುದ್ಧ ದಿಕ್ಕಿನದು. ಎರಡು ಸುತ್ತು ತಿರುಗಿಸಿದರೂ ಒಳಗೆ ಸರಿಯದಿದ್ದರೆ ದಿಕ್ಕು ಬದಲಿಸಿ ನೋಡಿ, ಬಲ ಹಾಕಬೇಡಿ. ಸುತ್ತಲಿನ ರಬ್ಬರ್ ಹೊದಿಕೆ ಜೊತೆಗೆ ತಿರುಚಿಕೊಳ್ಳದಂತೆ ನೋಡಿಕೊಳ್ಳಿ. ಒಳಪ್ಯಾಡಿನ ಬೆನ್ನಿನಲ್ಲಿ ಸಣ್ಣ ಗುಬ್ಬಿ ಇದ್ದರೆ ಪಿಸ್ಟನ್ನಿನ ಗುಳಿ ಅದಕ್ಕೆ ನೇರವಾಗಿ ಬಂದು ನಿಲ್ಲಬೇಕು. ಇಲ್ಲವಾದರೆ ಪ್ಯಾಡು ವಾಲಿ ಕೂತು ಒಂದೇ ಕಡೆ ಸವೆಯುತ್ತದೆ.

ಹೊಸ ಪ್ಯಾಡುಗಳನ್ನು ಕ್ಲಿಪ್ಪುಗಳಲ್ಲಿ ಕೂರಿಸಿ (ಕೈಯಲ್ಲೇ ಜಾರುವಂತಿರಬೇಕು, ಸುತ್ತಿಗೆ ಬೇಕಾದರೆ ತುಕ್ಕು ಇನ್ನೂ ಇದೆ ಎಂದು ಅರ್ಥ), ಕ್ಯಾಲಿಪರನ್ನು ಮೇಲೆ ತಂದು ಬೋಲ್ಟುಗಳನ್ನು ಕಾರಿನ ಪುಸ್ತಕದಲ್ಲಿ ಹೇಳಿದಷ್ಟು ಬಿಗಿ ಮಾಡಿ. ಉಜ್ಜುವ ಮುಖಕ್ಕೆ ಗ್ರೀಸಿನ ಕೈ ತಾಗಬಾರದು.

ಎರಡೂ ಬದಿ ಮುಗಿದು ಚಕ್ರ ಹಾಕಿದ ಮೇಲೆ, ಕಾರು ಅಲ್ಲಾಡುವ ಮೊದಲೇ ಬ್ರೇಕ್ ಪೆಡಲನ್ನು ಹತ್ತಾರು ಬಾರಿ ಒತ್ತಬೇಕು. ಮೊದಲ ಒತ್ತುಗಳಿಗೆ ಪೆಡಲ್ ನೆಲಕ್ಕೆ ಇಳಿಯುತ್ತದೆ. ಪಿಸ್ಟನ್ ಮುಂದೆ ಬಂದು ಪ್ಯಾಡನ್ನು ಮುಟ್ಟಿದ ಮೇಲೆಯೇ ಅದು ಗಟ್ಟಿಯಾಗುವುದು. ಇದನ್ನು ಮರೆತು ಹೊರಟವರು ಮೊದಲ ತಿರುವಿನಲ್ಲಿ ಬ್ರೇಕೇ ಇಲ್ಲದೆ ಗಾಬರಿಯಾಗುತ್ತಾರೆ. ನಂತರ ಹ್ಯಾಂಡ್ ಬ್ರೇಕನ್ನು ಹಲವು ಸಲ ಎಳೆದು ಬಿಟ್ಟು, ಸಣ್ಣ ಇಳಿಜಾರಿನಲ್ಲಿ ಸ್ಟೀರಿಂಗಿನ ಮುಂದೆ ಕೂತೇ ಅದು ಹಿಡಿಯುತ್ತದೆಯೇ ಎಂದು ಪರೀಕ್ಷಿಸಿ. ನಾನು ಅಂದು ಇದೊಂದನ್ನು ಮಾಡಿದ್ದರೆ ಸಾಕಿತ್ತು.

ಆಯಿಲ್ ಡಬ್ಬಿಯ ಮಟ್ಟ ಸರಿಯಿದೆಯೇ ನೋಡುವಾಗ ಅದರ ವಯಸ್ಸನ್ನೂ ನೆನಪು ಮಾಡಿಕೊಳ್ಳಿ. ಬ್ರೇಕ್ ಆಯಿಲ್ ಗಾಳಿಯ ತೇವವನ್ನು ಹೀರುತ್ತದೆ, ನಮ್ಮ ಮಲೆನಾಡಿನಲ್ಲಿ ತೇವಕ್ಕೆ ಬರವಿಲ್ಲ. ಡಾಟ್ 3 ದರ್ಜೆಯ ಹೊಸ ಆಯಿಲ್ ಕನಿಷ್ಠ 205 ಡಿಗ್ರಿಯವರೆಗೆ ಕುದಿಯಬಾರದು. ತೇವ ಹೀರಿದ ಮೇಲೆ ಈ ಮಿತಿ 140 ಡಿಗ್ರಿಗೆ ಇಳಿಯುತ್ತದೆ. ಡಾಟ್ 4 ದರ್ಜೆಯದಕ್ಕೆ ಇದು 230 ಮತ್ತು 155. ಘಾಟಿಯಲ್ಲಿ ಆಯಿಲ್ ಕುದಿದು ಆವಿಯಾದರೆ ಪೆಡಲ್ ಸ್ಪಂಜಿನಂತಾಗಿ ಕೆಳಗಿಳಿಯುತ್ತದೆ, ಆಗ ಹೊಸ ಪ್ಯಾಡು ಇದ್ದೂ ಇಲ್ಲದಂತೆ. ಎರಡು ವರ್ಷಕ್ಕೊಮ್ಮೆ ಬದಲಾಯಿಸುವುದು ಕ್ಷೇಮ.

ಹೊಸ ಪ್ಯಾಡು ಡಿಸ್ಕಿಗೆ ಹೊಂದಿಕೊಳ್ಳಲು ಸಮಯ ಬೇಕು. ವಾಹನಗಳಿಲ್ಲದ ನೇರ ರಸ್ತೆಯಲ್ಲಿ 50 ಕಿಲೋಮೀಟರ್ ವೇಗದಿಂದ 10ಕ್ಕೆ ಹದವಾಗಿ ಇಳಿಸಿ, ಪೂರ್ತಿ ನಿಲ್ಲಿಸದೆ, ನಡುವೆ ತಣಿಯಲು ಬಿಟ್ಟು, ಇಪ್ಪತ್ತು ಸಲ ಮಾಡಿದರೆ ಸಾಕು. ಮೊದಲ ಇನ್ನೂರು ಕಿಲೋಮೀಟರ್ ತುಂಬಿದ ಕಾರಿನಲ್ಲಿ ಘಾಟಿ ಇಳಿಯದಿರುವುದು ಒಳಿತು; ಮಂಗಳೂರಿನ ಮದುವೆ ಇದ್ದರೆ ಪ್ಯಾಡನ್ನು ಹಿಂದಿನ ದಿನ ಹಾಕಬೇಡಿ, ಹಿಂದಿನ ವಾರ ಹಾಕಿ. ಐವತ್ತು ಕಿಲೋಮೀಟರ್ ಓಡಿದ ಮೇಲೆ ಚಕ್ರದ ನಟ್ಟುಗಳನ್ನು ಇನ್ನೊಮ್ಮೆ ಬಿಗಿ ಮಾಡಿ ನೋಡಿ.