ಹಳೇ ಟೇಪು ಸುಳ್ಳು ಹೇಳುವುದಿಲ್ಲವೇ?

ಕ್ರೈಂ ಡಾಕ್ಯುಮೆಂಟರಿಯಲ್ಲಿ ಆರೋಪಿಯ ಸ್ವಂತ ದನಿಯೇ ಕೇಳಿಸಿದ ಮೇಲೆ ಅನುಮಾನಕ್ಕೆ ಜಾಗವಿಲ್ಲ ಎಂಬ ನಂಬಿಕೆ ಎಲ್ಲೆಡೆ ಇದೆ.

ವಾಸ್ತವ: ದನಿ ಅವನದೇ, ಜೋಡಣೆ ಎಡಿಟರ್‌ದಿರಬಹುದು. 2015ರಲ್ಲಿ ಎಚ್‌ಬಿಒದ ‘ದಿ ಜಿಂಕ್ಸ್’ ಕೊನೆಯ ಕಂತು ನೋಡಿ ನಾವೆಲ್ಲ ಬೆಚ್ಚಿಬಿದ್ದೆವು. ಸಂದರ್ಶನ ಮುಗಿಸಿದ ಕೊಲೆ ಶಂಕಿತ ರಾಬರ್ಟ್ ಡರ್ಸ್ಟ್ ಬಾತ್‌ರೂಮಿಗೆ ಹೋಗುತ್ತಾನೆ. ಮೈಕ್ ಇನ್ನೂ ಮೈಮೇಲೇ ಇದೆ. ನಾನೇನು ಮಾಡಿಬಿಟ್ಟೆ ಎಂದು ತನ್ನನ್ನೇ ಕೇಳಿಕೊಂಡು, ಮರುಕ್ಷಣ ಎಲ್ಲರನ್ನೂ ಕೊಂದೆ ಎಂದು ಗೊಣಗುತ್ತಾನೆ. 2019ರಲ್ಲಿ ಕೋರ್ಟಿನ ಕಡತದಿಂದ ಪೂರ್ತಿ ಮಾತು ಹೊರಬಿದ್ದಾಗ ಕ್ರಮ ಉಲ್ಟಾ ಆಗಿತ್ತು: ಕೊಂದ ಮಾತು ಮೊದಲು, ಪ್ರಶ್ನೆ ಆಮೇಲೆ, ನಡುವೆ ಬೇರೇನೇನೋ ಗೊಣಗಾಟ. ಬಿಡಿ ಮಾತುಗಳನ್ನು ಪ್ರಶ್ನೋತ್ತರವಾಗಿಸಿದ್ದು ಎಡಿಟಿಂಗ್ ಟೇಬಲ್ಲು. ಹಾಗೆಂದು ಡರ್ಸ್ಟ್ ನಿರಪರಾಧಿಯೇನಲ್ಲ. 2021ರಲ್ಲಿ ಜ್ಯೂರಿ ಅವನನ್ನು ಕೊಲೆಗಾರನೆಂದೇ ತೀರ್ಮಾನಿಸಿತು. ಇಷ್ಟು ಗಟ್ಟಿ ಕೇಸಿಗೂ ಕತ್ತರಿ ಬೇಕಿತ್ತೇ ಎಂಬುದೇ ನಮ್ಮ ತಕರಾರು.

ಚಿತ್ರ ಮಸುಕಾಗಿದ್ದು ಮೂಲೆಯಲ್ಲಿ ತಾರೀಖು ಮೂಡಿದ್ದರೆ ಅದು ಅಸಲಿ ಎನ್ನುವವರಿದ್ದಾರೆ.

ವಾಸ್ತವ: ಮಸುಕು, ಗೀರು, ತಾರೀಖು ಎಲ್ಲವನ್ನೂ ಎಡಿಟಿಂಗ್ ಸಾಫ್ಟ್‌ವೇರಿನಲ್ಲೇ ಹಾಕಬಹುದು. ಸಿಸಿಟಿವಿ ದೃಶ್ಯದಲ್ಲಿ ಟಕ್ ಟಕ್ ಹೆಜ್ಜೆ ಸದ್ದು ಕೇಳಿಸಿತೇ? ಎಷ್ಟೋ ಸಿಸಿಟಿವಿಗಳಲ್ಲಿ ದನಿ ದಾಖಲಾಗುವುದೇ ಇಲ್ಲ. ಸದ್ದು ಸ್ಟುಡಿಯೊದ್ದಿರಬಹುದು!

ಪೊಲೀಸರ ಕ್ಯಾಮೆರಾ ಮುಂದೆ ತಪ್ಪೊಪ್ಪಿಕೊಂಡರೆ ಕೇಸು ಮುಗಿದಂತೆ ಎಂಬುದು ಇನ್ನೊಂದು ನಂಬಿಕೆ.

ವಾಸ್ತವ: ಪೊಲೀಸರೆದುರಿನ ತಪ್ಪೊಪ್ಪಿಗೆಯನ್ನು ನಮ್ಮ ಕಾನೂನು ಸಾಮಾನ್ಯವಾಗಿ ಆರೋಪಿಯ ವಿರುದ್ಧ ಸಾಕ್ಷ್ಯವೆಂದು ಒಪ್ಪುವುದಿಲ್ಲ. ಆ ಹೇಳಿಕೆಯಿಂದ ಏನಾದರೂ ಪತ್ತೆಯಾದರೆ, ಅದಕ್ಕೆ ನೇರವಾಗಿ ಸಂಬಂಧಿಸಿದ ಭಾಗವಷ್ಟೇ ನಿಲ್ಲುತ್ತದೆ. 2023ರ ‘ಡ್ಯಾನ್ಸಿಂಗ್ ಆನ್ ದಿ ಗ್ರೇವ್’ ಸರಣಿಗೆ ವಸ್ತುವಾದ ಬೆಂಗಳೂರಿನ ಶಾಕಿರಾ ಖಲೀಲಿ ಕೊಲೆ ಪ್ರಕರಣವನ್ನೇ ನೋಡಿ. 1994ರಲ್ಲಿ ಆರೋಪಿ ತೋರಿಸಿದ ಜಾಗ ಅಗೆದಾಗ ಶವ ಸಿಕ್ಕಿತು, ಅಗೆಯುವುದನ್ನು ವಿಡಿಯೊ ಮಾಡಲಾಗಿತ್ತು. ತೂಕ ಬಂದದ್ದು ಆ ಪತ್ತೆಗೆ.

ಇಷ್ಟೆಲ್ಲ ತಿಳಿದ ಮೇಲೆ ಕೆಲವರು ಇನ್ನೊಂದು ತುದಿಗೆ ಜಿಗಿಯುತ್ತಾರೆ: ಹಳೇ ಫೂಟೇಜ್ ಬರೀ ಸಮಯ ತುಂಬಿಸುವ ಸರಕು.

ವಾಸ್ತವ: ‘ಲಾಂಗ್ ಶಾಟ್’ (2017) ಡಾಕ್ಯುಮೆಂಟರಿ ನೋಡಿದರೆ ಹಾಗನ್ನಿಸದು. 2003ರಲ್ಲಿ ಲಾಸ್ ಏಂಜಲಿಸ್‌ನಲ್ಲಿ ಕೊಲೆ ಆರೋಪ ಹೊತ್ತವನೊಬ್ಬ, ಆ ರಾತ್ರಿ ಮಗಳೊಂದಿಗೆ ಡಾಜರ್ ಸ್ಟೇಡಿಯಂನಲ್ಲಿ ಬೇಸ್‌ಬಾಲ್ ನೋಡುತ್ತಿದ್ದೆ ಎಂದ. ಪೊಲೀಸರು ನಂಬಲಿಲ್ಲ. ಅಂದು ಅಲ್ಲೇ ಒಂದು ಹಾಸ್ಯ ಧಾರಾವಾಹಿಯ ಚಿತ್ರೀಕರಣ ನಡೆದಿತ್ತು. ಪ್ರಸಾರಕ್ಕೆ ಬಳಸದೆ ಬಿಟ್ಟ ಟೇಪಿನಲ್ಲಿ ಆತ ಸಿಕ್ಕ. ಆದರೆ ಟೇಪಿನಲ್ಲಿದ್ದ ಹೊತ್ತು ಕೊಲೆಗಿಂತ ಮುಂಚಿನದು. ಆಟ ಮುಗಿಯುವ ಹೊತ್ತಿಗೂ ಆತ ಆಸುಪಾಸಿನಲ್ಲೇ ಇದ್ದನೆಂದು ತೋರಿಸಲು ವಕೀಲರು ಮೊಬೈಲ್ ಟವರ್ ದಾಖಲೆಯನ್ನೂ ಹುಡುಕಿ ತರಬೇಕಾಯಿತು.