ಸುರಂಗಕ್ಕೆ ಟಿ.ವಿ. ದುಡ್ಡು ಕೊಟ್ಟ ಬೀದಿ

ಪೂರಿಗಾಲಿಯಿಂದ ಮಳವಳ್ಳಿ ಮೇಲೆ ಮದ್ದೂರಿಗೆ ಬಸ್ಸಿನಲ್ಲಿ ಹೋಗುವವರಿಗೆ ತಾಲ್ಲೂಕಿನ ಗಡಿ ಯಾವಾಗ ದಾಟಿತೆಂಬುದೇ ಗೊತ್ತಾಗುವುದಿಲ್ಲ. ಬರ್ಲಿನ್ನಿನ ಬೆರ್ನಾವರ್ ಬೀದಿಯಲ್ಲಿ ಗಡಿ ಇದ್ದದ್ದು ಹೊಸ್ತಿಲಲ್ಲಿ. ಒಂದು ಸಾಲಿನ ಮನೆಗಳು ಪೂರ್ವ ಬರ್ಲಿನ್‌ಗೆ ಸೇರಿದ್ದರೆ, ಅವುಗಳ ಮುಂದಿನ ಕಾಲುದಾರಿ ಪಶ್ಚಿಮದ್ದು. 1961ರ ಆಗಸ್ಟ್ 13ರಂದು ಗಡಿ ಮುಚ್ಚಿತು. ಬೀದಿ ಬಾಗಿಲುಗಳೂ ಮುಚ್ಚಿದ ಮೇಲೆ ಜನ ಕಿಟಕಿಗಳಿಂದ ಧುಮುಕತೊಡಗಿದರು. ಕೆಳಗೆ ಪಶ್ಚಿಮದ ಅಗ್ನಿಶಾಮಕ ದಳದವರು ಬಲೆ ಹಿಡಿದು ನಿಲ್ಲುತ್ತಿದ್ದರು, ಪಕ್ಕದಲ್ಲೇ ಕ್ಯಾಮೆರಾದವರು. ಸೆಪ್ಟೆಂಬರ್ 24ರಂದು 77 ವರ್ಷದ ಫ್ರೀಡಾ ಶುಲ್ಟ್ಸೆ ಕಿಟಕಿಯಲ್ಲಿ ಜೋತುಬಿದ್ದರು. ಮೇಲಿನಿಂದ ಪೂರ್ವದವರು ಕೈ ಹಿಡಿದೆಳೆದರೆ, ಕೆಳಗಿನಿಂದ ಪಶ್ಚಿಮದವರು ಕಾಲು ಎಳೆದರು. ಕೊನೆಗೆ ಅಜ್ಜಿ ಬಿದ್ದದ್ದು ಪಶ್ಚಿಮದ ಬಲೆಗೆ. ಆ ದೃಶ್ಯ ಜಗತ್ತನ್ನೇ ಸುತ್ತಿತು.

ಮರುವರ್ಷ ಕ್ಯಾಮೆರಾ ನೆಲದೊಳಕ್ಕೇ ಇಳಿಯಿತು. ಈ ಬೀದಿಯ ಕಾರ್ಖಾನೆಯೊಂದರ ನೆಲಮಾಳಿಗೆಯಿಂದ ವಿದ್ಯಾರ್ಥಿಗಳು ಪೂರ್ವದ ಕಡೆಗೆ ಸುರಂಗ ತೋಡುತ್ತಿದ್ದರು. ಮರದ ಹಲಗೆಗೆ, ಸಲಕರಣೆಗೆ ಕಾಸಿಲ್ಲ. ಅಮೆರಿಕದ ಎನ್‌ಬಿಸಿ ವಾಹಿನಿ ಹಣ ಕೊಟ್ಟು, ಬದಲಿಗೆ ಚಿತ್ರೀಕರಣದ ಹಕ್ಕು ಪಡೆಯಿತು. 1962ರ ಸೆಪ್ಟೆಂಬರ್ 14 ಮತ್ತು 15ರಂದು 29 ಜನ ಕೆಸರು ಮೆತ್ತಿಕೊಂಡು ಈಚೆ ಬಂದರು, ಕೂಸುಗಳೂ ಸೇರಿ. ಅಷ್ಟರಲ್ಲಿ ಕ್ಯೂಬಾದ ಕ್ಷಿಪಣಿ ಬಿಕ್ಕಟ್ಟು. ಸೋವಿಯತ್ ಒಕ್ಕೂಟವನ್ನು ಇನ್ನಷ್ಟು ಕೆಣಕುವುದು ಬೇಡವೆಂದು ಅಮೆರಿಕದ ವಿದೇಶಾಂಗ ಇಲಾಖೆ ತಕರಾರು ತೆಗೆಯಿತು. ಅಕ್ಟೋಬರ್ ಕೊನೆಗೆ ಬರಬೇಕಿದ್ದ ಸಾಕ್ಷ್ಯಚಿತ್ರ ‘ದಿ ಟನೆಲ್’ ಡಿಸೆಂಬರ್ 10ರಂದು ಪ್ರಸಾರವಾಗಿ, ಮುಂದೆ ಎಮ್ಮಿ ಪ್ರಶಸ್ತಿಯನ್ನೂ ಗೆದ್ದಿತು. (ಆಗ ಭಾರತದಲ್ಲಿ ಟಿ.ವಿ. ಇದ್ದದ್ದು ದೆಹಲಿಯಲ್ಲಿ ಮಾತ್ರ. ಅಕ್ಟೋಬರ್ 20ರಿಂದ ನಮಗೆ ಚೀನಾ ಯುದ್ಧದ್ದೇ ಚಿಂತೆ.)

ಸುದ್ದಿ ಮಾಡುವವರು ಸುದ್ದಿಗೇ ಬಂಡವಾಳ ಹೂಡಬಹುದೆ? 1962ರ ಆಗಸ್ಟ್‌ನಲ್ಲಿ ಬೇರೊಂದು ಸುರಂಗದ ಸುಳಿವು ಪೂರ್ವದ ಗುಪ್ತಚರರಿಗೆ ಸಿಕ್ಕಿ ಹಲವರು ಸೆರೆಯಾಗಿದ್ದರು. ಗುಟ್ಟು ತಿಳಿದವರು ಒಬ್ಬರು ಹೆಚ್ಚಿದರೂ ಅಪಾಯವೇ. ಆದರೂ ಆ ದುಡ್ಡಿಲ್ಲದೆ ಹಲಗೆ ಬರುತ್ತಿರಲಿಲ್ಲ. ಕೊಟ್ಟದ್ದು ತಪ್ಪೆನ್ನಲು ನನಗೆ ನಾಲಿಗೆ ಏಳುವುದಿಲ್ಲ.

ಗಡಿಪಟ್ಟಿಯಲ್ಲಿ ಸಿಕ್ಕಿಕೊಂಡಿದ್ದ ಇಲ್ಲಿನ ಇಗರ್ಜಿಯನ್ನು 1985ರಲ್ಲಿ ಪೂರ್ವ ಜರ್ಮನಿ ಸಿಡಿಸಿ ಉರುಳಿಸಿತು. ಆ ಜಾಗದಲ್ಲೀಗ 2000ದಲ್ಲಿ ಕಟ್ಟಿದ ಮಣ್ಣಿನ ಗೋಡೆಯ ಪುಟ್ಟ ಪ್ರಾರ್ಥನಾಲಯವಿದೆ, ಸುತ್ತ ರೈ ಬೆಳೆಯುತ್ತಾರೆ. ಬೀದಿಯುದ್ದಕ್ಕೂ ಸುಮಾರು 1.4 ಕಿ.ಮೀ. ಬಯಲು ಸ್ಮಾರಕ, ಸುರಂಗಗಳು ಹಾದ ಜಾಡನ್ನು ನೆಲದ ಮೇಲೆ ಗುರುತಿಸಿದ್ದಾರೆ. ಬರ್ಲಿನ್‌ಗೆ ಹೋದವರು ನಾರ್ಡ್‌ಬಾನ್‌ಹೋಫ್ ನಿಲ್ದಾಣದಲ್ಲಿ ಇಳಿಯಿರಿ. ಪ್ರವೇಶ ಉಚಿತ, ಒಳಾಂಗಣ ಪ್ರದರ್ಶನಕ್ಕೆ ಸೋಮವಾರ ರಜೆ.