ಮುಮ್ಮೇಳವೂ ಆತನೇ, ಹಿಮ್ಮೇಳವೂ ಆತನೇ!

1968ರ ಫ್ರೆಂಚ್ ಚಿತ್ರ ‘ಲ ಪಾಶಾ’. ಪೊಲೀಸ್ ಅಧಿಕಾರಿಯಾಗಿ ಮಹಾನಟ ಜಾಂ ಗಾಬ್ಯಾಂ. ಆತ ಒಂದು ರೆಕಾರ್ಡಿಂಗ್ ಸ್ಟುಡಿಯೋದೊಳಕ್ಕೆ ಬರುತ್ತಾನೆ. ಡ್ರಮ್ಮಿನ ಬಡಿತ ಎದೆಗೇ ಬಂದು ಬೀಳುತ್ತಿದೆ. ಮೈಕಿನ ಮುಂದೆ ಅಗಲ ಕಿವಿಯ, ಅರೆಮುಚ್ಚಿದ ಕಣ್ಣಿನ ಒಬ್ಬ ಹಾಡುತ್ತಿದ್ದಾನೆ. ಯಾರೀತ? ಸೆರ್ಜ್ ಗ್ಯಾನ್ಸ್‌ಬೂರ್! ಚಿತ್ರಕ್ಕೆ ಸಂಗೀತ ಕೊಟ್ಟವನೇ ಚಿತ್ರದೊಳಗೆ ನಿಂತು ಅದೇ ಸಂಗೀತವನ್ನು ಹಾಡುತ್ತಿದ್ದಾನೆ! ಯಕ್ಷಗಾನದ ಭಾಗವತರೇ ವೇಷ ಕಟ್ಟಿಕೊಂಡು ರಂಗಕ್ಕಿಳಿದರೆ ಹೇಗಿರುತ್ತದೆ, ಹಾಗೆ! ನಾನು ಕೂತಲ್ಲೇ ನೆಟ್ಟಗಾದೆ. ಆ ದೃಶ್ಯವನ್ನು ಮತ್ತೆ ಮತ್ತೆ ನೋಡಿದೆ.

ಆಮೇಲೆ ಕೆದಕಿದಷ್ಟೂ ಬೆರಗು. 1928ರಲ್ಲಿ ಪ್ಯಾರಿಸ್ಸಿನಲ್ಲಿ ಹುಟ್ಟು. ರಷ್ಯಾ ಬಿಟ್ಟು ಬಂದ ಯಹೂದಿ ಕುಟುಂಬ, ಅಪ್ಪ ಕ್ಯಾಬರೆಗಳಲ್ಲಿ ಪಿಯಾನೊ ನುಡಿಸುವವರು. ಮಗನಿಗೆ ಚಿತ್ರಕಾರನಾಗುವ ಹಂಬಲ. ಕೊನೆಗೆ ಕುಂಚ ಬಿಟ್ಟು ಆತನೂ ಪಿಯಾನೊ ಮುಂದೆಯೇ ಕೂತ. 1959ರಲ್ಲಿ ಬ್ರಿಜಿತ್ ಬಾರ್ದೋ ನಾಯಕಿಯಾಗಿದ್ದ ಚಿತ್ರದಲ್ಲಿ ಮೊದಲ ಪಾತ್ರ. ಮರುವರ್ಷವೇ ‘ಲೋ ಆ ಲಾ ಬೂಶ್’ ಚಿತ್ರಕ್ಕೆ ಸಂಗೀತ! ಅದೇ ಹೊತ್ತಿಗೆ ಇಟಲಿಯವರು ಆ ಮುಖದಲ್ಲಿ ಖಳನನ್ನು ಕಂಡರು. ಪುರಾತನ ರೋಮಿನ ಕಥೆಗೆ, ಸ್ಯಾಮ್ಸನ್ ಕಥೆಗೆ ಕರೆದು ದುಷ್ಟನ ಪಾತ್ರ ಕೊಟ್ಟರು. ತೆರೆಯ ಮೇಲೆ ಹೆದರಿಸುವ ಅದೇ ಮನುಷ್ಯ ತೆರೆಯ ಹಿಂದೆ ಎಷ್ಟು ಮೆತ್ತನೆಯ ರಾಗ ಹೊಸೆಯುತ್ತಿದ್ದ!

1967ರಲ್ಲಿ ಟಿವಿಗಾಗಿ ತಯಾರಾದ ‘ಆನಾ’ ಚಿತ್ರದಲ್ಲಿ ಹಾಡುಗಳೆಲ್ಲ ಆತನವೇ, ಜೊತೆಗೊಂದು ಪಾತ್ರವೂ ಆತನದೇ. ‘ಸ್ಲೋಗನ್’ನಲ್ಲಿ ನಾಯಕನೂ ಆತ, ಸಂಗೀತಗಾರನೂ ಆತ. ಬಾಳಸಂಗಾತಿಯಾದ ಜೇನ್ ಬರ್ಕಿನ್ ಸಿಕ್ಕಿದ್ದೂ ಆ ಚಿತ್ರೀಕರಣದಲ್ಲೇ! ರಾಗಗಳಿಗೆ ವಾದ್ಯಗಳ ವೇಷ ಕಟ್ಟಲು ಅಲ್ಯಾಂ ಗೊರಾಗೆ, ಮಿಶೆಲ್ ಕೊಲೊಂಬಿಯೆ, ಜಾಂ-ಕ್ಲೋದ್ ವಾನಿಯೆ ಜೊತೆಗಿದ್ದರು. ವಾನಿಯೆ ಜೊತೆ ಸೇರಿ ಸಂಗೀತ ಕೊಟ್ಟ, ತಾನೂ ನಟಿಸಿದ ‘ಕಾಠ್ಮಂಡುವಿನ ಹಾದಿಗಳು’ 1969ರಲ್ಲಿ ತೆರೆಕಂಡಿತು. ಅದರ ಸಂಗೀತ ಪೂರ್ತಿಯಾಗಿ ಆಲ್ಬಮ್ ರೂಪದಲ್ಲಿ ಕೇಳುಗರ ಕೈಸೇರಿದ್ದು 2017ರಲ್ಲಿ. ನಲವತ್ತೆಂಟು ವರ್ಷ ಕಾದ ಸಂಗೀತ!

ಆದರೆ ನನ್ನ ಮೈ ಜುಮ್ಮೆನಿಸಿದ್ದು ಒಂದು ಪುಟ್ಟ ರಾಗದ ಕಥೆ. 1967ರ ‘ಲೊರಿಜೋಂ’ ಚಿತ್ರಕ್ಕೆಂದು ಅದು ಹುಟ್ಟಿದ್ದು, ಮಾತುಗಳೇ ಇಲ್ಲದೆ. ಎರಡು ವರ್ಷದ ನಂತರ ಅದಕ್ಕೆ ಮಾತು ಬಂದು ‘ಎಲಿಸಾ’ ಎಂಬ ಹಾಡಾಯಿತು. 1991ರ ಮಾರ್ಚ್ 2ರಂದು ಗ್ಯಾನ್ಸ್‌ಬೂರ್ ತೀರಿಕೊಂಡ. ರಾಗ ಮಾತ್ರ ಉಳಿಯಿತು. ಆ ರಾಗವನ್ನೂ ‘ಎಲಿಸಾ’ ಎಂಬ ಹೆಸರನ್ನೂ ಹೊತ್ತ ಸಿನಿಮಾ 1995ರಲ್ಲಿ ಬಂತು, ವನೆಸ್ಸಾ ಪಾರಾದಿ ನಟಿಸಿದ್ದು. ಅದರ ಸಂಗೀತಕ್ಕೆ ಫ್ರಾನ್ಸಿನ ಅತಿ ದೊಡ್ಡ ಚಲನಚಿತ್ರ ಪ್ರಶಸ್ತಿ ‘ಸೆಝಾರ್’ ಬಂತು. ಪ್ರಶಸ್ತಿ ಪಡೆದವರಲ್ಲಿ ಕೊಲೊಂಬಿಯೆ, ಪೋಲೆಂಡಿನ ಸಂಗೀತಗಾರ ಪ್ರೈಸ್ನರ್ ಜೊತೆಗೆ ಗ್ಯಾನ್ಸ್‌ಬೂರ್ ಹೆಸರೂ ಇತ್ತು. ಆ ಸಮಾರಂಭದ ದಿನಾಂಕ ನೋಡಿ ನನಗೆ ಮಾತೇ ಹೊರಡಲಿಲ್ಲ: 1996ರ ಮಾರ್ಚ್ 2!

ವೇಷ ಕಳಚಿ ಹೋಗಿ ಅಂದಿಗೆ ಸರಿಯಾಗಿ ಐದು ವರ್ಷ. ಹಿಮ್ಮೇಳ ಇನ್ನೂ ನುಡಿಯುತ್ತಲೇ ಇತ್ತು.